ನಮ್ಮೂರ ಸರ್ಕಾರಿ ಶಾಲೆ ಸರಿ ಮಾಡ್ಸೋಕೆ ಹೈಕೋರ್ಟಿಗೆ ಹೋಗ್ಬಹುದಾ?

ಪ್ರಶ್ನೆ: ನಮ್ಮದು ರಾಯಚೂರು ಜಿಲ್ಲೆಯ ಹಳ್ಳಿ. 1ರಿಂದ 7ನೇ ಕ್ಲಾಸ್ ತನಕ ಸರ್ಕಾರಿ ಶಾಲೆ ಇದೆ, 1ರಿಂದ 5ರಲ್ಲಿ 86 ಮಕ್ಕಳು, 6 ಮತ್ತು 7ರಲ್ಲಿ 38. ಇರೋ 5 ಕೋಣೆಯಲ್ಲಿ 2 ಸೋರ್ತವೆ, ಇನ್ನೊಂದರಲ್ಲಿ ಛಾವಣಿ ಸಿಮೆಂಟ್ ಉದುರ್ತಿದೆ. ಶೌಚಾಲಯ ಕಟ್ಟಿದಾರೆ ಆದ್ರೆ ನೀರಿಲ್ಲ, ಬೀಗ ಹಾಕಿದಾರೆ. ಹೆಡ್‌ಮಾಸ್ಟರ್ ಸೇರಿ 3 ಜನ ಶಿಕ್ಷಕರು. 8ನೇ ಕ್ಲಾಸಿಗೆ 6 ಕಿ.ಮೀ ದೂರ ಹೋಗ್ಬೇಕು, ಹುಡುಗೀರು ಏಳಕ್ಕೇ ಬಿಡ್ತಿದಾರೆ. ನಾನು ಎಸ್‌ಡಿಎಂಸಿ (ಶಾಲಾ ಅಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿ) ಅಧ್ಯಕ್ಷೆ, ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಸಾಹೇಬ್ರಿಗೆ ಹೇಳಿ ಹೇಳಿ ಸಾಕಾಯ್ತು. ಹೈಕೋರ್ಟಿಗೆ ಹೋಗಿ ಶಾಲೆ ಸರಿ ಮಾಡಿಸ್ಬಹುದಾ, ಹೈಸ್ಕೂಲ್ ಮಾಡಿಸ್ಬಹುದಾ, ಖರ್ಚು ಎಷ್ಟಾಗುತ್ತೆ, ನಮ್ಮ ಮೇಷ್ಟ್ರಿಗೆ ತೊಂದ್ರೆ ಆಗಲ್ವಾ?

ಉತ್ತರ: ಹೋಗ್ಬಹುದು ಮೇಡಂ, ಖಂಡಿತ ಹೋಗ್ಬಹುದು, ಆದ್ರೆ ನಿಮ್ಮ ಪ್ರಶ್ನೆಯಲ್ಲಿ ನಿಜವಾಗ್ಲೂ ಎರಡು ಬೇರೆ ಬೇರೆ ಕೇಸ್ ಇದಾವೆ, ಅವೆರಡನ್ನೂ ಒಂದೇ ಅರ್ಜಿಯಲ್ಲಿ ತುಂಬಿದ್ರೆ ಗಟ್ಟಿಯಾಗಿರೋದನ್ನ ಸಡಿಲ ಇರೋದು ಎಳ್ಕೊಂಡು ಬೀಳುತ್ತೆ. ಕೋಣೆ, ಶೌಚಾಲಯ, ನೀರು, ಶಿಕ್ಷಕರು, 8ನೇ ಕ್ಲಾಸ್, ಇವು ನಿಮ್ಮ ಮಕ್ಕಳ ಹಕ್ಕು, ಕಾನೂನಲ್ಲಿ ಬರೆದಿಟ್ಟಿರೋದು. ಹೈಸ್ಕೂಲ್, ಅಂದ್ರೆ 9 ಮತ್ತು 10, ಅದು ಸರ್ಕಾರದ ಪಾಲಿಸಿ ವಿಷಯ. ಮೊದಲನೇದಕ್ಕೆ ಕೋರ್ಟು ಸರ್ಕಾರಕ್ಕೆ ‘ಮಾಡು’ ಅಂತ ಹೇಳ್ಬಹುದು, ಎರಡನೇದಕ್ಕೆ ಹೆಚ್ಚಿನ ಸಲ ‘ಇವರ ಮನವಿ ಪರಿಗಣಿಸು’ ಅಂತ ಮಾತ್ರ ಹೇಳುತ್ತೆ.

ಯಾಕೆ ಹಂಗೆ ಅಂದ್ರೆ, ಸಂವಿಧಾನದ 21ಎ ವಿಧಿ 6ರಿಂದ 14 ವರ್ಷದ ಮಕ್ಕಳಿಗೆ ಉಚಿತ ಕಡ್ಡಾಯ ಶಿಕ್ಷಣ ಕೊಡ್ಬೇಕು ಅನ್ನುತ್ತೆ. 2002ರಲ್ಲಿ 86ನೇ ತಿದ್ದುಪಡಿಯಿಂದ ಬಂತು, 2009ರ ಆರ್‌ಟಿಇ, ಅಂದ್ರೆ ಶಿಕ್ಷಣ ಹಕ್ಕು ಕಾಯ್ದೆ ಜೊತೆ 2010ರ ಏಪ್ರಿಲ್ 1ರಿಂದ ಜಾರಿಗೆ ಬಂತು. ಅದಕ್ಕೂ ಮುಂಚೆ 1992ರಲ್ಲಿ ಮೋಹಿನಿ ಜೈನ್ ಕೇಸಲ್ಲಿ ಸುಪ್ರೀಂ ಕೋರ್ಟ್ ಶಿಕ್ಷಣ ಅನ್ನೋದು ಬದುಕೋ ಹಕ್ಕಿನ ಭಾಗ ಅಂತ ಹೇಳಿತ್ತು, ಆ ಕೇಸ್ ನಮ್ಮ ರಾಜ್ಯದ್ದೇ, ಇಲ್ಲಿನ ಮೆಡಿಕಲ್ ಕಾಲೇಜಿನ ಕ್ಯಾಪಿಟೇಶನ್ ಫೀಸಿನ ಜಗಳದಿಂದ ಹುಟ್ಟಿದ್ದು. ಮರುವರ್ಷ ಉನ್ನಿಕೃಷ್ಣನ್ ಕೇಸಲ್ಲಿ ಆ ಹಕ್ಕನ್ನ 14 ವರ್ಷದ ತನಕ ಅಂತ ಗೆರೆ ಎಳೆದ್ರು. ಆ ಗೆರೆಯೇ ಇವತ್ತಿಗೂ ನಿಮ್ಮ ಊರಿನ ಹೈಸ್ಕೂಲ್ ಪ್ರಶ್ನೆಗೆ ಅಡ್ಡ ನಿಂತಿರೋದು.

ಈಗ ಆರ್‌ಟಿಇ ಕಾಯ್ದೆಯ ಕೊನೆಯಲ್ಲಿರೋ ಶೆಡ್ಯೂಲ್ ತೆಗೆದು ನೋಡಿ, ಚಿಕ್ಕದಿದೆ, ಅರ್ಧ ಗಂಟೆಯಲ್ಲಿ ಓದ್ಬಹುದು, ಎಸ್‌ಡಿಎಂಸಿ ಮೀಟಿಂಗಲ್ಲಿ ಜೋರಾಗಿ ಓದಿ. ಪ್ರತಿ ಶಿಕ್ಷಕರಿಗೆ ಒಂದು ಕೋಣೆ, ಹುಡುಗ ಹುಡುಗಿಯರಿಗೆ ಬೇರೆ ಬೇರೆ ಶೌಚಾಲಯ, ಸುರಕ್ಷಿತ ಕುಡಿಯೋ ನೀರು, ಬಿಸಿಯೂಟದ ಅಡುಗೆಮನೆ, ಆಟದ ಮೈದಾನ, ಕಾಂಪೌಂಡ್ ಅಥವಾ ಬೇಲಿ, ಗ್ರಂಥಾಲಯ, ಎಲ್ಲಾ ಅಲ್ಲೇ ಇದೆ. ಇದನ್ನ 3 ವರ್ಷದೊಳಗೆ ಪೂರೈಸ್ಬೇಕು ಅಂತ 19ನೇ ಸೆಕ್ಷನ್ ಹೇಳುತ್ತೆ, ಆ ಗಡುವು 2013ರ ಮಾರ್ಚ್ 31ಕ್ಕೇ ಮುಗಿದೋಯ್ತು.

ಶಿಕ್ಷಕರ ಲೆಕ್ಕ ನಿಮ್ಮ ಶಾಲೆಗೇ ಹಾಕಿ ನೋಡೋಣ. 1ರಿಂದ 5ರ ತನಕ 60 ಮಕ್ಕಳಿಗೆ 2, 61ರಿಂದ 90ಕ್ಕೆ 3. ನಿಮ್ಮಲ್ಲಿ 86, ಅಂದ್ರೆ 3 ಜನ. 6ನೇ ಕ್ಲಾಸಿನಿಂದ ಮೇಲೆ ಮಕ್ಕಳ ಸಂಖ್ಯೆ ಕಮ್ಮಿ ಇದ್ರೂ ವಿಜ್ಞಾನ-ಗಣಿತಕ್ಕೆ ಒಬ್ಬರು, ಸಮಾಜಕ್ಕೆ ಒಬ್ಬರು, ಭಾಷೆಗೆ ಒಬ್ಬರು ಇರ್ಲೇಬೇಕು, ಅಲ್ಲಿಗೆ ಇನ್ನೂ 3. ಒಟ್ಟು 6 ಆಗ್ಬೇಕಿದ್ದ ಕಡೆ 3 ಇದಾರೆ. ಇದನ್ನ ‘ಶಿಕ್ಷಕರ ಕೊರತೆ ಇದೆ’ ಅಂತ ಬರೀಬೇಡಿ, ಎಲ್ಲರೂ ಹಂಗೇ ಬರೀತಾರೆ, ಆಫೀಸಲ್ಲಿ ಯಾರೂ ಓದಲ್ಲ. ‘ಶೆಡ್ಯೂಲ್ ಪ್ರಕಾರ 6, ಇರೋದು 3, 6-7ನೇ ತರಗತಿಗೆ ಗಣಿತ-ವಿಜ್ಞಾನ ಶಿಕ್ಷಕರು ಇಂಥ ತಿಂಗಳಿಂದ ಇಲ್ಲ’ ಅಂತ ಬರೀರಿ. ಮಂಜೂರಾದ ಹುದ್ದೆಯಲ್ಲಿ ನೂರಕ್ಕೆ 10ಕ್ಕಿಂತ ಜಾಸ್ತಿ ಖಾಲಿ ಬಿಡೋ ಹಂಗಿಲ್ಲ ಅಂತ 26ನೇ ಸೆಕ್ಷನ್ ಬೇರೆ ಇದೆ, ಅದನ್ನೂ ಸೇರಿಸಿ.

8ನೇ ಕ್ಲಾಸಿನ ವಿಷಯ ಸ್ವಲ್ಪ ಬಿಡಿಸಿ ಹೇಳ್ತೀನಿ, ಇದನ್ನ ತುಂಬಾ ಊರಿನವರು ಕೈಬಿಡ್ತಾರೆ. ಆರ್‌ಟಿಇ ಪ್ರಕಾರ ಪ್ರಾಥಮಿಕ ಶಿಕ್ಷಣ ಅಂದ್ರೆ 1ರಿಂದ 8. ನಮ್ಮ ರಾಜ್ಯದಲ್ಲಿ ಹಳೇ ಪದ್ಧತಿ 1ರಿಂದ 7 ಒಂದು ಕಡೆ, 8ರಿಂದ 10 ಹೈಸ್ಕೂಲಲ್ಲಿ. ಹಿಂಗಾಗಿ 7 ಮುಗಿಸಿದ ಮಗು ಕಾನೂನಿನ ಲೆಕ್ಕದಲ್ಲಿ ಇನ್ನೂ ಕಡ್ಡಾಯ ಶಿಕ್ಷಣದ ಒಳಗೇ ಇರುತ್ತೆ, ಶಾಲೆ ಮಾತ್ರ ಊರಲ್ಲಿಲ್ಲ. 6ರಿಂದ 8ಕ್ಕೆ 3 ಕಿ.ಮೀ ಒಳಗೆ ಶಾಲೆ ಇರ್ಬೇಕು ಅನ್ನೋದು ನಿಯಮ, ನಿಮ್ಮಲ್ಲಿ 6 ಕಿ.ಮೀ. ಅದಕ್ಕೇ ನೀವು ‘ಹೈಸ್ಕೂಲ್ ಕೊಡಿ’ ಅಂತ ಶುರು ಮಾಡ್ಬೇಡಿ, ‘8ನೇ ತರಗತಿ ಸೇರಿಸಿ ಉನ್ನತೀಕರಿಸಿ, ಅಲ್ಲಿತನಕ ಮಕ್ಕಳಿಗೆ ಬಸ್ ವ್ಯವಸ್ಥೆ ಮಾಡಿ’ ಅಂತ ಕೇಳಿ. ಅದು ಹಕ್ಕಿನ ಮಾತು. ಹೈಸ್ಕೂಲಿಗೆ ಬೇರೆ ಮನವಿ ಕೊಡಿ, ಅದರಲ್ಲಿ ಸುತ್ತಲಿನ ಊರುಗಳ 7ನೇ ಕ್ಲಾಸಿನ ಮಕ್ಕಳ ಸಂಖ್ಯೆ, ದೂರ, ಜಾಗ ಇದೆಯಾ, ಎಷ್ಟು ಹುಡುಗೀರು ಬಿಟ್ಟಿದಾರೆ ಅನ್ನೋದೆಲ್ಲಾ ಹಾಕಿ.

ದೂರದ ವಿಷಯದಲ್ಲಿ ಕೇರಳದಿಂದ ಒಂದು ಒಳ್ಳೆ ಉದಾಹರಣೆ ಇದೆ. ಮಲಪ್ಪುರಂ ಜಿಲ್ಲೆ ಮಂಜೇರಿ ಹತ್ತಿರದ ಎಳಂಬ್ರ ಅನ್ನೋ ಊರಲ್ಲಿ ಪ್ರಾಥಮಿಕ ಶಾಲೆ ಇರ್ಲಿಲ್ಲ, ಜನ ಕೋರ್ಟಿಗೆ ಹೋದ್ರು, ಹೈಕೋರ್ಟ್ ಶಾಲೆ ಶುರು ಮಾಡಿ ಅಂತು, ಸರ್ಕಾರ ಅದರ ವಿರುದ್ಧ ಸುಪ್ರೀಂ ಕೋರ್ಟಿಗೆ ಹೋಯ್ತು. 2025ರ ನವೆಂಬರಲ್ಲಿ ಸುಪ್ರೀಂ ಕೋರ್ಟ್ ಊರಿನವರ ಪರ ನಿಂತಿದ್ದಲ್ದೆ ರಾಜ್ಯದಲ್ಲಿ ಎಲ್ಲೆಲ್ಲಿ ಹತ್ತಿರ ಶಾಲೆ ಇಲ್ವೋ ಅಲ್ಲೆಲ್ಲಾ ವ್ಯವಸ್ಥೆ ಮಾಡಿ ಅಂತು. ನಿಮ್ಮ ವಕೀಲರಿಗೆ ಇದನ್ನ ಹೇಳಿ.

ಈಗ ಕೋರ್ಟುಗಳು ಶಾಲೆ ವಿಷಯದಲ್ಲಿ ಇಲ್ಲಿತನಕ ಏನು ಮಾಡಿವೆ, ಅದರಿಂದ ನಾವು ಏನು ಕಲೀಬೇಕು. 2012ರ ಅಕ್ಟೋಬರ್ 3ರಂದು ಸುಪ್ರೀಂ ಕೋರ್ಟ್ ದೇಶದ ಎಲ್ಲಾ ರಾಜ್ಯಕ್ಕೂ ಹೇಳಿತು, 6 ತಿಂಗಳೊಳಗೆ ಪ್ರತಿ ಶಾಲೆಗೂ ಶೌಚಾಲಯ, ನೀರು, ಸಾಕಷ್ಟು ಕೋಣೆ, ಶಿಕ್ಷಕರು ಎಲ್ಲಾ ಕೊಡಿ ಅಂತ. ಅದಕ್ಕಿಂತ ಮುಂಚೆ 2009ರಲ್ಲಿ ಅವಿನಾಶ್ ಮೆಹರೋತ್ರಾ ಕೇಸಲ್ಲಿ ಶಾಲಾ ಕಟ್ಟಡ ಸುರಕ್ಷಿತವಾಗಿರ್ಬೇಕು, ಅದೂ ಶಿಕ್ಷಣದ ಹಕ್ಕಿನೊಳಗೇ ಬರುತ್ತೆ ಅಂತು, ತಮಿಳುನಾಡಿನ ಕುಂಭಕೋಣಂ ಶಾಲೆಯಲ್ಲಿ 2004ರಲ್ಲಿ ಬೆಂಕಿಗೆ 94 ಮಕ್ಕಳು ಸತ್ತ ಮೇಲೆ ಬಂದ ಕೇಸ್ ಅದು. ಅಲಹಾಬಾದ್ ಹೈಕೋರ್ಟ್ 2015ರಲ್ಲಿ ಸರ್ಕಾರಿ ಸಂಬಳ ತಗೊಳೋರೆಲ್ಲಾ ಮಕ್ಕಳನ್ನ ಸರ್ಕಾರಿ ಶಾಲೆಗೇ ಸೇರಿಸ್ಬೇಕು ಅಂತು. ಉತ್ತರಾಖಂಡ ಹೈಕೋರ್ಟ್ ಇನ್ನೂ ಮುಂದೆ ಹೋಗಿ ಶಾಲೆಗಳಿಗೆ ಮೂಲ ಸೌಕರ್ಯ ಕೊಡೋ ತನಕ ಸರ್ಕಾರ ಕಾರು, ಏಸಿ ಅಂತ ಐಷಾರಾಮಿ ಸಾಮಾನು ಕೊಳ್ಳೋ ಹಂಗಿಲ್ಲ ಅಂತು.

ಇವೆಲ್ಲಾ ಪೇಪರಲ್ಲಿ ದೊಡ್ಡ ಸುದ್ದಿ ಆದವು, ಆಗ್ಲೇಬೇಕಿತ್ತು ಕೂಡ. ಆದ್ರೆ ಅಲಹಾಬಾದ್ ಆದೇಶ ಆದ್ಮೇಲೂ ಅಧಿಕಾರಿಗಳ ಮಕ್ಕಳು ಸರ್ಕಾರಿ ಶಾಲೆಗೆ ಬಂದಿದ್ದನ್ನ ನಾವ್ಯಾರೂ ನೋಡಿಲ್ಲ, 2012ರ ಆದೇಶದ 6 ತಿಂಗಳು ಮುಗಿದು ಇಷ್ಟು ವರ್ಷ ಆದ್ರೂ ನಿಮ್ಮ ಊರಿನ ಶೌಚಾಲಯಕ್ಕೆ ನೀರು ಬಂದಿಲ್ಲ. ಕಟ್ಟಡದ ವಿಷಯವೂ ಹಂಗೇ, 2025ರ ಜುಲೈ 25ಕ್ಕೆ ರಾಜಸ್ಥಾನದ ಝಾಲಾವಾಡ ಜಿಲ್ಲೆ ಪಿಪ್ಲೋಡಿಯಲ್ಲಿ ಸರ್ಕಾರಿ ಶಾಲೆ ಕುಸಿದು 7 ಮಕ್ಕಳು ಹೋದ್ರು, ಆಮೇಲೆ ಹೈಕೋರ್ಟ್ ಸ್ವಯಂಪ್ರೇರಿತವಾಗಿ ಕೇಸ್ ತಗೊಂಡಿತು. ಮಕ್ಕಳು ಸತ್ತ ಮೇಲೆ ಶುರುವಾಗೋ ಕೇಸ್ ಯಾವ ಊರಿಗೂ ಬೇಡ. ನಿಮ್ಮಲ್ಲಿ ಸಿಮೆಂಟ್ ಉದುರ್ತಿರೋ ಕೋಣೆ ಬಗ್ಗೆ ಮುಂದೆ ಬೇರೇನೇ ಹೇಳ್ತೀನಿ.

ನಮ್ಮ ಕರ್ನಾಟಕದ್ದೇ ಎರಡು ಕೇಸ್ ಪಕ್ಕಪಕ್ಕ ಇಟ್ಟು ನೋಡಿದ್ರೆ ನಾನು ಹೇಳೋದು ಅರ್ಥ ಆಗುತ್ತೆ. 2013ರಲ್ಲಿ ನಮ್ಮ ಹೈಕೋರ್ಟ್ ಶಾಲೆ ಬಿಟ್ಟ ಮಕ್ಕಳ ಬಗ್ಗೆ ತಾನೇ ಒಂದು ಪಿಐಎಲ್ (ಸಾರ್ವಜನಿಕ ಹಿತಾಸಕ್ತಿ ಅರ್ಜಿ) ಶುರು ಮಾಡಿತು. ಅದು ಬೆಳೀತಾ ಬೆಳೀತಾ ಶಾಲೆಯ ಶೌಚಾಲಯ, ನೀರು ಎಲ್ಲಾ ಒಳಗೆ ಬಂತು, 2023ರಲ್ಲೂ ಅದೇ ಕೇಸಲ್ಲಿ ಮುಖ್ಯ ನ್ಯಾಯಮೂರ್ತಿಗಳ ಪೀಠ ಇನ್ನೂ ಶೌಚಾಲಯ ಇಲ್ಲದ ಶಾಲೆಗಳಿವೆಯಲ್ಲಾ ಅಂತ ಸರ್ಕಾರಕ್ಕೆ ಛೀಮಾರಿ ಹಾಕ್ತಿತ್ತು. ಒಳ್ಳೆ ಕೇಸ್, ಅದರಿಂದ ಲಾಭ ಆಗಿದೆ, ಆದ್ರೆ ಇಡೀ ರಾಜ್ಯದ ಕೇಸ್ ಆದ್ರಿಂದ ಹತ್ತು ವರ್ಷ. ಇನ್ನೊಂದು ಕಡೆ ಕೊಪ್ಪಳ ಜಿಲ್ಲೆಯ ಒಬ್ಬ ವಿದ್ಯಾರ್ಥಿ, ನಮಗೆ ಎರಡನೇ ಜೊತೆ ಯೂನಿಫಾರ್ಮ್ ಕೊಟ್ಟಿಲ್ಲ ಅಂತ ಹೈಕೋರ್ಟಿಗೆ ಹೋದ. ಕೇಳಿದ್ದು ಇಷ್ಟೇ. 2019ರಲ್ಲಿ ಸರ್ಕಾರ ಕೋರ್ಟಲ್ಲಿ ಕೊಡ್ತೀವಿ ಅಂತ ಒಪ್ಕೊಂಡು ಆದೇಶ ಆಯ್ತು. ಆಮೇಲೂ ಕೊಡ್ಲಿಲ್ಲ, ನ್ಯಾಯಾಂಗ ನಿಂದನೆ ಅರ್ಜಿ ಹೋಯ್ತು, 2023ರಲ್ಲಿ ಪೀಠ ಸಿಟ್ಟಾಗಿ ಅಧಿಕಾರಿಗಳನ್ನ ತರಾಟೆಗೆ ತಗೊಂಡಿತು. ಒಬ್ಬ ಹುಡುಗನ ಒಂದು ಸಣ್ಣ, ಲೆಕ್ಕಕ್ಕೆ ಸಿಗೋ ಬೇಡಿಕೆ, ಅದು ರಾಜ್ಯದ ಸರ್ಕಾರಿ ಶಾಲೆ ಮಕ್ಕಳೆಲ್ಲರ ಕೇಸ್ ಆಗೋಯ್ತು. ಕೊಟ್ರಾ ಇಲ್ವಾ ಅಂತ ಒಂದೇ ಪ್ರಶ್ನೆ, ತಪ್ಪಿಸ್ಕೊಳ್ಳೋಕೆ ದಾರಿ ಇಲ್ಲ.

ನಿಮ್ಮ ಅರ್ಜಿನೂ ಹಂಗೇ ಇರ್ಬೇಕು. ಅದರ ಅರ್ಧ ಕೆಲಸ ಕೋರ್ಟಿಗೆ ಹೋಗೋಕೆ ಮುಂಚೆನೇ ಊರಲ್ಲೇ ಆಗ್ಬೇಕು.

ನೀವು ‘ಹೇಳಿ ಹೇಳಿ ಸಾಕಾಯ್ತು’ ಅಂತೀರ, ಬಾಯಲ್ಲಿ ಹೇಳಿದ್ದು ಕೋರ್ಟಿಗೆ ಲೆಕ್ಕಕ್ಕಿಲ್ಲ. ಮ್ಯಾಂಡಮಸ್ ರಿಟ್, ಅಂದ್ರೆ ಸರ್ಕಾರಕ್ಕೆ ‘ನಿನ್ನ ಕರ್ತವ್ಯ ಮಾಡು’ ಅನ್ನೋ ಹೈಕೋರ್ಟ್ ಆದೇಶ ಬೇಕಾದ್ರೆ ನೀವು ಕೇಳಿದ್ರಿ, ಅವರು ಇಲ್ಲ ಅಂದ್ರು ಅಥವಾ ಸುಮ್ನೆ ಕೂತ್ರು ಅನ್ನೋದು ಕಾಗದದಲ್ಲಿ ಇರ್ಬೇಕು. ಅದಕ್ಕೆ ಮೊದಲು ಎಸ್‌ಡಿಎಂಸಿ ಸಭೆ ಕರೆದು ಠರಾವು ಮಾಡಿ, ನಡಾವಳಿ ಪುಸ್ತಕದಲ್ಲಿ ಸಹಿ ಹಾಕಿಸಿ. ಕಾಯ್ದೆಯ 22ನೇ ಸೆಕ್ಷನ್ ಪ್ರಕಾರ ಶಾಲಾ ಅಭಿವೃದ್ಧಿ ಯೋಜನೆ ತಯಾರಿಸೋದು ನಿಮ್ಮ ಸಮಿತಿಯದ್ದೇ ಕೆಲಸ, ಸರ್ಕಾರ ದುಡ್ಡು ಕೊಡೋಕೆ ಅದೇ ಆಧಾರ ಆಗ್ಬೇಕು ಅಂತ ಅಲ್ಲೇ ಇದೆ. ನಿಮ್ಮ ಶಾಲೆಯಲ್ಲಿ ಆ ಯೋಜನೆ ಇಲ್ದಿದ್ರೆ ಈಗ್ಲೇ ಮಾಡಿ. ಆಮೇಲೆ ಗ್ರಾಮ ಪಂಚಾಯ್ತಿ ಪಿಡಿಒ, ಬಿಇಒ, ಡಿಡಿಪಿಐ (ಜಿಲ್ಲೆಯ ಶಿಕ್ಷಣ ಇಲಾಖೆ ಉಪನಿರ್ದೇಶಕರು), ಜಿಲ್ಲಾ ಪಂಚಾಯತ್ ಸಿಇಒ, ಶಿಕ್ಷಣ ಇಲಾಖೆಯ ಕಲಬುರಗಿಯ ಅಪರ ಆಯುಕ್ತರು, ಇಷ್ಟೂ ಜನಕ್ಕೆ ಮನವಿ ಕೊಟ್ಟು ಸ್ವೀಕೃತಿ ಸೀಲ್ ಹಾಕಿಸ್ಕೊಳ್ಳಿ, ಸೀಲ್ ಹಾಕಲ್ಲ ಅಂದ್ರೆ ಸ್ಪೀಡ್ ಪೋಸ್ಟಲ್ಲಿ ಕಳ್ಸಿ ರಸೀದಿ ಇಟ್ಕೊಳ್ಳಿ. 1902ಕ್ಕೆ ಫೋನ್ ಮಾಡಿ ಜನಸ್ಪಂದನದಲ್ಲೂ ದೂರು ದಾಖಲಿಸಿ, ಒಂದು ನಂಬರ್ ಸಿಗುತ್ತೆ, ಅದೂ ಸಾಕ್ಷಿನೇ. ಮಕ್ಕಳ ಗ್ರಾಮಸಭೆಯಲ್ಲಿ ಮಕ್ಕಳೇ ಎದ್ದು ನಿಂತು ಕೇಳಿದ್ದು ನಡಾವಳಿಯಲ್ಲಿ ಬಂದ್ರೆ ಅದಕ್ಕಿಂತ ಒಳ್ಳೇ ದಾಖಲೆ ಬೇರೆ ಇಲ್ಲ, ಜಡ್ಜ್‌ಗಳು ಅಂಥ ಕಾಗದನ ಪೂರ್ತಿ ಓದ್ತಾರೆ.

ಇನ್ನೊಂದು ಕಾಗದ ಇದೆ, ಅದನ್ನ ಯಾರೂ ತೆಗಿಯಲ್ಲ. ನಿಮ್ಮ ಶಾಲೆಗೆ 29ರಿಂದ ಶುರುವಾಗೋ 11 ಅಂಕಿಯ ಯುಡೈಸ್ ಕೋಡ್ (ದೇಶದ ಶಾಲೆಗಳ ಸರ್ಕಾರಿ ಮಾಹಿತಿ ವ್ಯವಸ್ಥೆಯ ನಂಬರ್) ಇರುತ್ತೆ. ಯುಡೈಸ್ ವೆಬ್‌ಸೈಟಲ್ಲಿ ಆ ಕೋಡ್ ಹಾಕಿದ್ರೆ ಶಾಲೆಯ ರಿಪೋರ್ಟ್ ಕಾರ್ಡ್ ಬರುತ್ತೆ, ಯಾರ್ ಬೇಕಾದ್ರೂ ತಗೊಬಹುದು. ಅದರಲ್ಲಿ ಶೌಚಾಲಯ ಎಷ್ಟಿದೆ ಅನ್ನೋದು ಒಂದು ಕಡೆ, ಬಳಕೆಯಲ್ಲಿ ಎಷ್ಟಿದೆ ಅನ್ನೋದು ಇನ್ನೊಂದು ಕಡೆ ಇರುತ್ತೆ. ನಿಮ್ಮ ಬೀಗ ಹಾಕಿದ ಶೌಚಾಲಯ ಅಲ್ಲಿ ‘ಬಳಕೆಯಲ್ಲಿದೆ’ ಅಂತ ಇದ್ರೆ ಆಶ್ಚರ್ಯ ಪಡ್ಬೇಡಿ. ಸರ್ಕಾರಿ ವಕೀಲರು ಕೋರ್ಟಲ್ಲಿ ಹೇಳೋದು ಇದೇ ಅಂಕಿ, ಹಿಂಗಾಗಿ ಅವರು ಹೇಳೋಕೆ ಮುಂಚೆನೇ ನೀವು ಪ್ರಿಂಟ್ ತೆಗೆದು, ಪಕ್ಕದಲ್ಲಿ ಬೀಗದ ಫೋಟೋ, ನಲ್ಲಿ ಇಲ್ಲದ ಗೋಡೆಯ ಫೋಟೋ, ಟ್ಯಾಂಕಿನಿಂದ ಪೈಪ್ ಎಲ್ಲಿ ಕಟ್ ಆಗಿದೆ ಅನ್ನೋ ಫೋಟೋ ಇಟ್ಬಿಡಿ. ನಾನು ನೋಡಿದ ಒಂದು ಕೇಸಲ್ಲಿ ಇಲಾಖೆ ಪ್ರಮಾಣಪತ್ರದ (ಅಫಿಡವಿಟ್) ಜೊತೆ ಹೊಸ ಬಣ್ಣ ಬಳಿದ ಶೌಚಾಲಯದ ಫೋಟೋ ಕೊಟ್ಟಿತ್ತು, ಬಾಗಿಲ ಮೇಲೆ ಹೂವಿನ ಚಿತ್ರ ಎಲ್ಲಾ ಇತ್ತು. ಪೋಷಕರು ಅದೇ ವಾರ ಒಳಗಿಂದ ತೆಗೆದ ಫೋಟೋ ತಂದ್ರು, ಪ್ಯಾನ್ ತುಂಬಾ ಒಣಗಿದ ಸಿಮೆಂಟು, ಕಟ್ಟಿದ ದಿನದಿಂದ ಒಂದು ಬಕೆಟ್ ನೀರು ಬಿದ್ದಿಲ್ಲ. ಆಮೇಲೆ ವಾದ ಮಾಡೋಕೆ ಏನೂ ಉಳೀಲಿಲ್ಲ.

ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಕೂಡ ಹಾಕಿ, 10 ರೂಪಾಯಿ, 30 ದಿನ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿ ಒಂದೇ ವಿಷಯಕ್ಕೆ, 150 ಪದದೊಳಗೆ ಇರ್ಬೇಕು, ಅದಕ್ಕೆ ಮೂರು ಅರ್ಜಿ ಬೇರೆ ಬೇರೆ ಹಾಕಿ: ಮಂಜೂರಾದ ಹುದ್ದೆ ಎಷ್ಟು ಖಾಲಿ ಎಷ್ಟು, ಶಾಲೆಗೆ ಕಳೆದ 5 ವರ್ಷದಲ್ಲಿ ಬಂದ ಅನುದಾನ ಎಷ್ಟು, ಕೋಣೆಗಳ ಸ್ಥಿತಿ ಬಗ್ಗೆ ಇಂಜಿನಿಯರ್ ಕೊಟ್ಟ ವರದಿ ಏನು.

ಆ ಉದುರ್ತಿರೋ ಕೋಣೆ ವಿಷಯ ಹೇಳ್ತೀನಿ ಅಂದಿದ್ದೆ. ಅದಕ್ಕೆ ಕೋರ್ಟಿಗೆ ಕಾಯ್ಬೇಡಿ. ಇವತ್ತೇ ಎಸ್‌ಡಿಎಂಸಿ ಠರಾವು ಮಾಡಿ ಆ ಕೋಣೆಯಲ್ಲಿ ಮಕ್ಕಳನ್ನ ಕೂರಿಸೋದು ನಿಲ್ಸಿ, ಗುಡಿಯಲ್ಲೋ ಸಮುದಾಯ ಭವನದಲ್ಲೋ ತಾತ್ಕಾಲಿಕವಾಗಿ ಕ್ಲಾಸ್ ನಡೀಲಿ. ಪಂಚಾಯತ್ ರಾಜ್ ಇಂಜಿನಿಯರಿಂಗ್ ವಿಭಾಗದ ಎಇಇಗೆ (ಸಹಾಯಕ ಕಾರ್ಯನಿರ್ವಾಹಕ ಇಂಜಿನಿಯರ್) ಬಂದು ಪರಿಶೀಲಿಸಿ ಶಿಥಿಲ ಹೌದೋ ಅಲ್ವೋ ವರದಿ ಕೊಡಿ ಅಂತ ಲಿಖಿತವಾಗಿ ಕೇಳಿ. ಆ ಇಂಜಿನಿಯರ್ ವರದಿ ಒಂದು ಕೈಗೆ ಸಿಕ್ರೆ ಹೈಕೋರ್ಟಲ್ಲಿ ಮೊದಲನೇ ದಿನವೇ ಮಧ್ಯಂತರ ಆದೇಶ ಕೇಳೋಕೆ ದಾರಿ ಆಗುತ್ತೆ.

ಇಷ್ಟಾದ್ಮೇಲೂ ಎರಡು ತಿಂಗಳು ಏನೂ ಆಗ್ಲಿಲ್ಲ ಅಂದ್ರೆ ಕೋರ್ಟು. ರಾಯಚೂರು, ಕಲಬುರಗಿ, ಬೀದರ್, ಯಾದಗಿರಿ, ವಿಜಯಪುರ ಈ 5 ಜಿಲ್ಲೆಗೆ ಕಲಬುರಗಿ ಪೀಠ, ಬೆಂಗಳೂರಿಗೆ ಹೋಗೋದು ಬೇಕಾಗಿಲ್ಲ. ಸಂವಿಧಾನದ 226ನೇ ವಿಧಿಯಲ್ಲಿ ರಿಟ್ ಅರ್ಜಿ. ಅದನ್ನ ಪಿಐಎಲ್ ಮಾಡೋದಾ, ಪೋಷಕರದ್ದೇ ಅರ್ಜಿ ಮಾಡೋದಾ ಅಂತ ಕೇಳಿದ್ರೆ, ನಾನಂತೂ ಪೋಷಕರದ್ದೇ ಮಾಡಿ ಅಂತೀನಿ. ಪಿಐಎಲ್‌ಗೆ 2018ರ ನಿಯಮಗಳಿವೆ, ಸ್ವಂತ ಲಾಭ ಇಲ್ಲ ಅಂತ ಅಫಿಡವಿಟ್, ಪರಿಶೀಲನೆ, ಎಲ್ಲಾ ದಾಟ್ಬೇಕು, ಆಮೇಲೆ ರಾಜ್ಯದ ದೊಡ್ಡ ಕೇಸಿನ ಜೊತೆ ಸೇರಿಸಿಬಿಟ್ರೆ ನಿಮ್ಮ ಶಾಲೆ ಅಲ್ಲಿ ಕಳೆದುಹೋಗುತ್ತೆ. ಅದೇ ನಾಲ್ಕು ಜನ ಮಕ್ಕಳು, ತಂದೆ ತಾಯಿ ಮೂಲಕ, ನಮ್ಮ ಹಕ್ಕು ನಮಗೆ ಸಿಕ್ಕಿಲ್ಲ ಅಂತ ಬಂದ್ರೆ ಯಾರೂ ‘ನಿಮಗೇನು ಸಂಬಂಧ’ ಅಂತ ಕೇಳೋಕಾಗಲ್ಲ. 6 ಮತ್ತು 7ನೇ ಕ್ಲಾಸಿನ ಹುಡುಗೀರ ತಾಯಂದಿರು ಮುಂದೆ ಬಂದ್ರೆ ಇನ್ನೂ ಒಳ್ಳೇದು.

ಬೇಡಿಕೆಗಳನ್ನ ದಿನಾಂಕ ಹಾಕಿ ಕೇಳಿ. ಶೌಚಾಲಯಕ್ಕೆ ನೀರಿನ ಸಂಪರ್ಕ 4 ವಾರದಲ್ಲಿ, ಗಣಿತ-ವಿಜ್ಞಾನಕ್ಕೆ ಅತಿಥಿ ಶಿಕ್ಷಕರು 2 ವಾರದಲ್ಲಿ, ಸೋರೋ ಕೋಣೆ ದುರಸ್ತಿ ಮುಂದಿನ ಮಳೆಗಾಲಕ್ಕೆ ಮುಂಚೆ, ಕಾಯಂ ಶಿಕ್ಷಕರು ಮತ್ತು 8ನೇ ಕ್ಲಾಸ್ ಮುಂದಿನ ಜೂನ್ ಒಳಗೆ, ಪ್ರತಿ ಹಂತಕ್ಕೂ ಡಿಡಿಪಿಐ ಅಫಿಡವಿಟ್, ಜೊತೆಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದವರು ಖುದ್ದು ಬಂದು ನೋಡಿ ವರದಿ ಕೊಡ್ಬೇಕು ಅಂತ. ಈ ಕೊನೇದನ್ನ ಮರೀಬೇಡಿ, ಇಲಾಖೆ ತನ್ನ ಬಗ್ಗೆ ತಾನೇ ವರದಿ ಕೊಡೋದಕ್ಕೂ ಹೊರಗಿನವರು ಬಂದು ನೋಡೋದಕ್ಕೂ ಬಹಳ ವ್ಯತ್ಯಾಸ ಇದೆ. ಕಾಯಂ ಶಿಕ್ಷಕರಿಗೆ ಜಾಸ್ತಿ ಟೈಮ್ ಯಾಕೆ ಕೊಟ್ಟೆ ಅಂದ್ರೆ ನೇಮಕಾತಿನೇ ಕೋರ್ಟಲ್ಲಿ ಸಿಕ್ಕಾಕೊಳ್ಳುತ್ತೆ. 2022ರ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿಯಲ್ಲಿ 5,000 ಕಲ್ಯಾಣ ಕರ್ನಾಟಕದ್ದು, ಮದುವೆಯಾದ ಹೆಣ್ಮಕ್ಕಳ ಜಾತಿ-ಆದಾಯ ಪ್ರಮಾಣಪತ್ರ ಗಂಡನದ್ದಾ ತಂದೆಯದ್ದಾ ಅನ್ನೋ ವ್ಯಾಜ್ಯದಲ್ಲಿ ಪಟ್ಟಿ ನಿಂತುಹೋಗಿತ್ತು, ಅಷ್ಟು ದಿನ ನಿಮ್ಮಂಥ ಶಾಲೆಯ ಮಕ್ಕಳು ಗಣಿತ ಮೇಷ್ಟ್ರಿಲ್ದೆ ಕೂತ್ರು.

ಸರ್ಕಾರ ಏನು ಉತ್ತರ ಕೊಡುತ್ತೆ ಅಂತ ಈಗ್ಲೇ ಹೇಳ್ಬಹುದು. ಅನುದಾನ ಇಲ್ಲ ಅನ್ನುತ್ತೆ. ಅದಕ್ಕೆ 1980ರ ರತ್ಲಾಂ ಪುರಸಭೆ ಕೇಸ್ ಸಾಕು, ಚರಂಡಿ ಶೌಚಾಲಯದಂಥ ಮೂಲ ಕರ್ತವ್ಯಕ್ಕೆ ದುಡ್ಡಿಲ್ಲ ಅನ್ನೋ ನೆಪ ನಡೆಯಲ್ಲ ಅಂತ ಸುಪ್ರೀಂ ಕೋರ್ಟ್ ಅವತ್ತೇ ಹೇಳಿದೆ. ನಿಮ್ಮದು ಸಂವಿಧಾನದ 371ಜೆ ವಿಧಿಯಡಿ ವಿಶೇಷ ಸ್ಥಾನಮಾನ ಇರೋ ಪ್ರದೇಶ ಬೇರೆ, ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿ ಇದೆ, ಹಿಂಗಾಗಿ ಮಂಡಳಿಯನ್ನೂ ಪ್ರತಿವಾದಿ ಮಾಡಿ. ಇನ್ನೊಂದು ಉತ್ತರ, ಮಕ್ಕಳು ಕಮ್ಮಿ ಇದಾರೆ ಪಕ್ಕದ ದೊಡ್ಡ ಶಾಲೆಗೆ ಸೇರಿಸ್ತೀವಿ ಅಂತ. ಇದು ನನಗೆ ನಿಜವಾಗ್ಲೂ ಚಿಂತೆ ಹುಟ್ಟಿಸೋ ಉತ್ತರ. 124 ಮಕ್ಕಳಿರೋ ಶಾಲೆಗೆ ಆ ಮಾತು ಬರಬಾರದು, ಆದ್ರೂ ದಾಖಲಾತಿ ಇಳಿಯದಂಗೆ ನೋಡ್ಕೊಳ್ಳಿ, ಅರ್ಜಿ ಹಾಕಿರೋ ಪೋಷಕರೇ ಮಕ್ಕಳನ್ನ ಕಾನ್ವೆಂಟಿಗೆ ಕಳ್ಸಿದ್ರೆ ಕೇಸ್ ಅಲ್ಲಿಗೇ ಮುಗೀತು.

ಮೇಷ್ಟ್ರ ವಿಷಯ. ಹೆಡ್‌ಮಾಸ್ಟರನ್ನ ಪ್ರತಿವಾದಿ ಮಾಡ್ಲೇಬೇಡಿ, ಅವರ ಸಹಿ ಇರೋ ಯಾವ ಪತ್ರನೂ ಅವರ ಕೈಯಿಂದ ತಗೊಬೇಡಿ, ಬೇಕಾದ್ದನ್ನ ಆರ್‌ಟಿಐಯಲ್ಲಿ ತಗೊಳ್ಳಿ. ಎಸ್‌ಡಿಎಂಸಿಗೆ ಅವರೇ ಕಾರ್ಯದರ್ಶಿ ಆಗಿರೋದ್ರಿಂದ ಅರ್ಜಿ ಸಮಿತಿ ಹೆಸರಲ್ಲಿ ಬೇಡ, ಪೋಷಕರ ಹೆಸರಲ್ಲಿ ಇರ್ಲಿ. 3 ಜನ 124 ಮಕ್ಕಳನ್ನ ನೋಡ್ಕೊಳ್ತಾ, ಬಿಸಿಯೂಟದ ಲೆಕ್ಕ ಬರೀತಾ ಶಾಲೆ ನಡೆಸ್ತಿದಾರೆ, ಅವರಿಗೆ ಒಂದು ನೋಟಿಸೂ ಹೋಗಬಾರದು. ಅರ್ಜಿಯಲ್ಲೇ ‘ಶಿಕ್ಷಕರ ಮೇಲೆ ನಮ್ಮ ದೂರಿಲ್ಲ’ ಅಂತ ಒಂದು ಸಾಲು ಬರೆಸಿ.

ಖರ್ಚು. ಹೆಣ್ಮಕ್ಕಳು, ಮಕ್ಕಳು, ಪರಿಶಿಷ್ಟ ಜಾತಿ-ಪಂಗಡದವರು, ಅಂಗವಿಕಲರು, ಇವರಿಗೆಲ್ಲಾ 1987ರ ಕಾನೂನು ಸೇವಾ ಪ್ರಾಧಿಕಾರ ಕಾಯ್ದೆಯ 12ನೇ ಸೆಕ್ಷನ್ನಲ್ಲಿ ಆದಾಯ ನೋಡ್ದೇ ಉಚಿತ ವಕೀಲರು ಸಿಗ್ತಾರೆ. ನಿಮ್ಮ ತಾಲೂಕು ಕೋರ್ಟಲ್ಲೇ ಕಾನೂನು ಸೇವಾ ಸಮಿತಿ ಇರುತ್ತೆ, ಅಲ್ಲಿ ಅರ್ಜಿ ಕೊಟ್ರೆ ಕಲಬುರಗಿ ಪೀಠದ ಸಮಿತಿಗೆ ಕಳಿಸ್ತಾರೆ. ಜೆರಾಕ್ಸ್, ಫೋಟೋ, ಓಡಾಟದ ಖರ್ಚು ಮಾತ್ರ ಊರಿನವರು ಕೂಡಿಸ್ಕೊಳ್ಬೇಕು.

ಆದೇಶ ಬಂದ ದಿನ ಕೆಲಸ ಮುಗಿದಂಗೆ ಅಲ್ಲ, ಊರಲ್ಲಿ ಪಟಾಕಿ ಹೊಡೆದು ಸುಮ್ನಾದವರ ಆದೇಶ ಕಡತದಲ್ಲೇ ಉಳಿದಿದೆ. ಪ್ರಮಾಣೀಕೃತ ನಕಲು ತಗೊಂಡು ಪ್ರತಿ ಅಧಿಕಾರಿಗೂ ನೀವೇ ಮುಟ್ಟಿಸಿ, ಸ್ವೀಕೃತಿ ತಗೊಳ್ಳಿ, ಗಡುವಿನ ದಿನಾಂಕನ ಶಾಲೆ ಗೋಡೆ ಮೇಲಲ್ಲ, ಪಂಚಾಯ್ತಿ ಕಟ್ಟೆಯಲ್ಲಿ ಎಲ್ಲರಿಗೂ ಕಾಣೋ ಹಂಗೆ ಬರೆದು ಹಾಕಿ. ಗಡುವು ದಾಟಿದ ಮೇಲೆ ನ್ಯಾಯಾಂಗ ನಿಂದನೆ ಅರ್ಜಿ ಹಾಕೋಕೆ 1 ವರ್ಷ ಮಾತ್ರ ಟೈಮು, 1971ರ ಕಾಯ್ದೆಯ 20ನೇ ಸೆಕ್ಷನ್, ಅದು ದಾಟಿದ್ರೆ ಎಂಥಾ ಒಳ್ಳೆ ಆದೇಶ ಇದ್ರೂ ಆ ದಾರಿ ಮುಚ್ಚುತ್ತೆ. ಈ ತಿಂಗಳು ಠರಾವು, ಯುಡೈಸ್ ಪ್ರಿಂಟ್, ಮೂರು ಆರ್‌ಟಿಐ, ಎಇಇಗೆ ಪತ್ರ, ಇಷ್ಟು ಮಾಡಿ, ಉತ್ತರಗಳು ಬಂದ ಮೇಲೆ ಆ ಕಾಗದ ಎಲ್ಲಾ ಇಟ್ಕೊಂಡು ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ.